ಬಸ್ಸಾರಿನ ಸ್ಕ್ಯಾನಿಂಗು

ನನ್ನ ಮಾವನಿಗೆ ನನ್ನ ಮೇಲೆ ಮೊದಲಿಂದಲೂ ಅಂಥ ಅಭಿಮಾನವೇನೂ ಇರಲಿಲ್ಲ. ನನಗೂ ಅಷ್ಟೆ. ಕೆಂಗೇರಿ ಕಡೆಯಿಂದ ಕುರುಬರಹಳ್ಳಿಯ ಈ ಮನೆಗೆ ನಾನು ಸೊಸೆಯಾಗಿ ಬರುವ ಹೊತ್ತಿಗೆ ಇವರ ಹೊಲವೆಲ್ಲ ಸೈಟುಗಳಾಗಿ, ಸೈಟುಗಳೆಲ್ಲ ಬಾಡಿಗೆ ಮನೆಗಳಾಗಿ, ಮಾವ ಗೇಟಿನ ಹತ್ತಿರ ಕುರ್ಚಿ ಹಾಕಿಕೊಂಡು ಯಾರ ಗಾಡಿ ಎಲ್ಲಿ ನಿಲ್ಲಬೇಕು ಅಂತ ಕಾನೂನು ಹೇಳುತ್ತ ಕೂತಿರುತ್ತಿದ್ದರು. ನಾವಿಬ್ಬರೂ ರಾಜಿಯಾಗಿದ್ದು ಒಂದೇ ವಿಷಯದಲ್ಲಿ, ಬಸ್ಸಾರಿನಲ್ಲಿ. ಸೊಪ್ಪು, ಕಾಳು ಬೇಯಿಸಿ, ಕಟ್ಟು ಬಸಿದು, ಖಾರ ರುಬ್ಬಿ ಹಾಕಿ, ಹುಣಸೆಹಣ್ಣು ಸ್ವಲ್ಪ ಮುಂದಾಗಿಯೇ ಹಿಂಡಿ ನಾನು ಮಾಡುವ ಸಾರಿಗೆ ಅವರು ಮುದ್ದೆ ಅದ್ದಿ ನುಂಗುವಾಗ ಒಂದು ಮಾತೂ ಆಡುತ್ತಿರಲಿಲ್ಲ. ಆ ಮನುಷ್ಯ ಸುಮ್ಮನಿದ್ದರೆ ಅದೇ ಹೊಗಳಿಕೆ ಅಂತ ಅತ್ತೆ ನನಗೆ ಹೇಳಿಕೊಟ್ಟಿದ್ದರು.

ಅತ್ತೆ ಹೋದ ಮೇಲಿನ ಬೇಸಿಗೆ. ಒಂದು ಮಧ್ಯಾಹ್ನ ಮಾವ ಸಾರಿನ ಬಟ್ಟಲನ್ನು ಬೆರಳಿನಿಂದ ಆಚೆ ತಳ್ಳಿ, "ಮುದ್ದೆಗೆ ಒಂಚೂರು ಹಾಲು ಹಾಕ್ಬಿಡು, ಸಾಕು," ಅಂದರು. ನಮ್ಮಲ್ಲಿ ಮುದ್ದೆಗೆ ಹಾಲು ಹಾಕುವುದು ಹಲ್ಲು ಬರದ ಮಕ್ಕಳಿಗೆ, ಇಲ್ಲ ಆಸ್ಪತ್ರೆಯಿಂದ ಆಗತಾನೆ ಬಂದವರಿಗೆ. ಬಸ್ಸಾರು ಎದುರಿಗಿಟ್ಟುಕೊಂಡು ಹಾಲು ಕೇಳುವುದು ಅಂದರೆ ಮಾಡಿದವಳ ಮುಖಕ್ಕೆ ಹೊಡೆದ ಹಾಗೆ. ಹಾಲು ಹಾಕಿದೆ, ಪಾತ್ರೆ ಕುಕ್ಕಿದೆ. ಮಾರನೇ ದಿನ ಹುರುಳಿಕಾಳಿನ ಸಾರು ಮಾಡಿದೆ. ಹಾಲು ಕೇಳಿದರು. ಭಾನುವಾರ ಮಾಂಸದ ಸಾರು ಮಾಡಿದೆ. ಮೂಳೆಯನ್ನು ನಾಯಿಗೂ ಉಳಿಸದಂತೆ ಚೀಪುವ ಮನುಷ್ಯ ಎರಡು ತುತ್ತು ತಿಂದು ಕೈ ತೊಳೆದುಕೊಂಡರು.

"ವಯಸ್ಸಾಯ್ತು, ಬಿಡೇ," ಅಂದರು ನನ್ನ ಗಂಡ. ಮನೆಯ ಯಾವ ಜಗಳಕ್ಕೂ ಅವರ ಹತ್ತಿರ ಇರುವುದು ಅದೊಂದೇ ಮಾತ್ರೆ.

ನಾನು ಬಿಡಲಿಲ್ಲ. ಸಾರು ಸರಿಯಿಲ್ಲ ಅಂತ ಬಾಯಿಬಿಟ್ಟು ಹೇಳಿದ್ದರೆ ಎರಡು ದಿನ ಜಗಳ ಆಡಿ ಮುಗಿಸುತ್ತಿದ್ದೆ. ಹೇಳದೆ ಹಾಲು ಕುಡಿಯುವವರ ಜೊತೆ ಹೇಗೆ ಜಗಳ ಆಡುವುದು? ಅದೂ ಸಾಲದು ಅಂತ ಮಾವ ಊಟಕ್ಕೆ ಕೂರುವ ಜಾಗ ಬದಲಾಯಿಸಿದರು. ಎಡಗಡೆ ಗೋಡೆಗೆ ಒತ್ತಿಕೊಂಡು ಕೂರುವುದು, ಹೆಗಲ ಮೇಲಿನ ಟವೆಲನ್ನು ಕುತ್ತಿಗೆಗೆ ಸುತ್ತಿಕೊಳ್ಳುವುದು. ಆಮೇಲೆ ಏಪ್ರಿಲ್ ತಿಂಗಳಲ್ಲಿ, ಬಾಡಿಗೆಯವರ ನಾಯಿ ಕೂಡ ಸಂಪಿನ ಮುಚ್ಚಳದ ನೆರಳು ಬಿಟ್ಟು ಏಳದ ಬಿಸಿಲಿನಲ್ಲಿ, ಮಫ್ಲರ್ ಶುರುವಾಯಿತು. ಕೇಳಿದರೆ ಹಲ್ಲುನೋವು ಅಂದರು. ಎಡಗಡೆ ಅವರಿಗೆ ಹಲ್ಲೇ ಇಲ್ಲ.

ಇನ್ನೊಂದು ವಿಚಿತ್ರ. ಬೋರ್‌ವೆಲ್ ಮೋಟಾರಿನ ಪೆಟ್ಟಿಗೆಯ ಕೀಲಿ ಮಾವ ಸ್ವಂತ ಮಗನ ಕೈಗೂ ಕೊಟ್ಟವರಲ್ಲ. ಅಂಥವರು ಒಂದು ಬೆಳಿಗ್ಗೆ ನನ್ನನ್ನು ಕರೆದು, ಯಾವ ಗುಂಡಿ ಒತ್ತಬೇಕು, ಯಾವ ವಾಲ್ವ್ ಎತ್ತ ತಿರುಗಿಸಬೇಕು, ಮೇಲಿನ ಟ್ಯಾಂಕು ತುಂಬಿದ್ದು ಸದ್ದಿನಲ್ಲೇ ಹೇಗೆ ತಿಳಿಯುತ್ತದೆ ಅಂತ ತೋರಿಸಿಕೊಟ್ಟರು. ಇದೂ ನನ್ನ ತಲೆಗೇ ಕಟ್ಟಿದರಲ್ಲ ಅಂತ ಬೈದುಕೊಂಡೆ.

ಬೈದುಕೊಂಡು ಮಾಡುವುದು ನನ್ನ ಹುಟ್ಟುಗುಣ. ಅತ್ತೆಯ ವಿಷಯದಲ್ಲೂ ಹಾಗೇ ಆಗಿತ್ತು. ಅವರಿಗೆ ಬಂದದ್ದು ಕ್ಯಾನ್ಸರು. ನಮ್ಮ ಮನೆಯಲ್ಲಿ ಆ ಹೆಸರು ಹೇಳುವುದಿಲ್ಲ, "ಆ ಕಾಯಿಲೆ" ಅನ್ನುತ್ತಾರೆ, ಹೆಸರು ಹಿಡಿದು ಕರೆದರೆ ಬಾಗಿಲಿಗೆ ಬಂದು ನಿಲ್ಲುತ್ತದೇನೋ ಅನ್ನುವ ಹಾಗೆ. ಸ್ಕೂಲಿನ ಕೆಲಸ ಬಿಟ್ಟು ನಾನೇ ನೋಡಿಕೊಂಡೆ. ಎತ್ತಿ ಕೂರಿಸಿದೆ, ತೊಳೆದೆ, ಉಣ್ಣಿಸಿದೆ, ವಾಂತಿ ಬಾಚಿದೆ. ದೇವರನ್ನು, ಗಂಡನನ್ನು, ಬರುವ ನೆಂಟರನ್ನು ಒಬ್ಬರನ್ನೂ ಬಿಡದೆ ಬೈಯುತ್ತಲೇ ಮಾಡಿದೆ. ಅತ್ತೆ ಹೋಗುವ ಹೊತ್ತಿಗೆ ನನ್ನ ಸೊಂಟವೂ ಹೋಗಿತ್ತು. ಆ ದಿನಗಳಲ್ಲಿ ಮಾವ ಬಾಗಿಲ ಹತ್ತಿರ ನಿಂತು ನೋಡುವರು, ಏನೂ ಹೇಳದೆ ಗೇಟಿನ ಕಡೆ ಹೋಗುವರು. ಗಂಡಸರಿಗೆ ಇದೊಂದು ಸುಖ ಅಂದುಕೊಂಡಿದ್ದೆ.

ಮಫ್ಲರಿನ ಗುಟ್ಟು ರಟ್ಟಾಗಿದ್ದು ಜ್ವರದಿಂದ. ಒಂದು ಬೆಳಿಗ್ಗೆ ಮಾವ ಏಳಲಿಲ್ಲ. ಹಣೆ ಮುಟ್ಟಿದರೆ ಕೆಂಡ. ಮಫ್ಲರ್ ಬಿಚ್ಚಿದೆ. ಎಡಗಡೆ ದವಡೆಯ ಕೆಳಗೆ ಒಳ್ಳೇ ನಿಂಬೆಹಣ್ಣಿನ ಗಾತ್ರದ ಊತ, ಕೆಂಪಗೆ ಮಿರುಗುತ್ತಿತ್ತು. ಯಾವಾಗಿನಿಂದ ಅಂದರೆ, "ಉಣ್ಣೋವಾಗ ಬರ್ತದೆ, ಆಮೇಲೆ ಇಳೀತದೆ," ಅಂದರು. ಸಾರು ಬಾಯಿಗಿಟ್ಟರೆ ಸಾಕು, ಊದಿಕೊಂಡು ಸಿಡಿಯುತ್ತಿತ್ತಂತೆ. ಹಾಲಿಗೆ ಅಷ್ಟು ಬರುತ್ತಿರಲಿಲ್ಲವಂತೆ. ಊಟ ಬಲ್ಲವನಿಗೆ ರೋಗವಿಲ್ಲ, ಮಾತು ಬಲ್ಲವನಿಗೆ ಜಗಳವಿಲ್ಲ ಅನ್ನುತ್ತಾರೆ. ಈ ಮನೆಯಲ್ಲಿ ಊಟ ಬಲ್ಲವರು ಅವರು, ಮಾತು ಬಲ್ಲವಳು ನಾನು. ಗಾದೆ ಎರಡೂ ಕಡೆ ಕೈಕೊಟ್ಟಿತು.

ಅಷ್ಟರಲ್ಲಿ ಮೇಲಿನ ಮನೆಯ ಆಂಟಿ ಇಳಿದು ಬಂದರು. ದೂರದಿಂದಲೇ ಒಮ್ಮೆ ನೋಡಿ, "ಕೆಪ್ಪಟೆ ಕಣ್ರೀ ಇದು. ಕುತ್ತಿಗೆಗೆ ಚಿನ್ನದ ಸರ ಹಾಕಿ, ಇಳಿಯತ್ತೆ," ಅಂದರು. ಕೆಪ್ಪಟೆ, ಅಂದರೆ ಮಂಗನಬಾವು, ಬರುವುದು ಸ್ಕೂಲು ಮಕ್ಕಳಿಗೆ. ಆದರೂ ಯಾಕೆ ಬಿಡಬೇಕು ಅಂತ ನನ್ನ ಎರಡೆಳೆ ಸರ ತಂದು ಹಾಕಿದೆ. ಬರಿಮೈಯಲ್ಲಿ, ಎರಡೆಳೆ ಸರ ಹಾಕಿಕೊಂಡು, ಮಂಚದ ಮೇಲೆ ಗುರುಗುಟ್ಟುತ್ತ ಕೂತ ಮಾವನನ್ನು ನೋಡಿ ನಾನು ಅಡುಗೆಮನೆಗೆ ಹೋಗಿ ನಕ್ಕೆ. ಊತ ಇಳಿಯಲಿಲ್ಲ. ಸರ ವಾಪಸ್ ಕೇಳಿದಾಗ ಕೊಡುವುದಕ್ಕೂ ಸ್ವಲ್ಪ ಬಿಗುಮಾನ ಮಾಡಿದರು.

ಬಸವೇಶ್ವರನಗರದಲ್ಲಿ ಕಿವಿ, ಮೂಗು, ಗಂಟಲಿನ ಡಾಕ್ಟರ ಹತ್ತಿರ ಹೋದೆವು. ಅವರು ಕೈಗವಸು ಹಾಕಿಕೊಂಡು ಮಾವನ ನಾಲಿಗೆಯ ಕೆಳಗೆ ಬೆರಳಾಡಿಸಿದರು. ಜೊಲ್ಲು ತಯಾರಾಗುವ ಗ್ರಂಥಿ ಬಾತುಕೊಂಡಿದೆ, ಸೋಂಕಾಗಿದೆ ಅಂದರು. ಎಂಜಲು, ಮುಸುರೆ ಅಂತ ಜೀವನವಿಡೀ ಮಡಿ ಮಾಡಿದ ನಮ್ಮ ಮನೆಯಲ್ಲಿ ಎಂಜಲಿಗೂ ಒಂದು ಕಾರ್ಖಾನೆ ಇದೆ ಅಂತ ಯಾರಿಗೂ ಗೊತ್ತಿರಲಿಲ್ಲ. "ಕಲ್ಲಿರಬಹುದು, ಬೇರೆ ಏನಾದ್ರೂ ಇರಬಹುದು. ಸ್ಕ್ಯಾನ್ ಮಾಡಿಸ್ಬಿಡಿ," ಅಂದರು ಡಾಕ್ಟರು. ಹುಳಿ ಬಿದ್ದರೆ ಜೊಲ್ಲು ಉಕ್ಕಿ ನಾಳ ಹಿಗ್ಗುತ್ತದೆ, ಆಗ ಒಳಗಿರುವುದು ಚೆನ್ನಾಗಿ ಕಾಣುತ್ತದೆ, ಹೋಗುವಾಗ ನಿಂಬೆಹಣ್ಣು ತೆಗೆದುಕೊಂಡು ಹೋಗಿ ಅಂತಲೂ ಹೇಳಿದರು.

"ಬೇರೆ ಏನಾದ್ರೂ" ಅಂದಾಗ ಮಾವ ಗೋಡೆಯ ಮೇಲಿನ ಕಿವಿಯ ಚಿತ್ರ ನೋಡುತ್ತಿದ್ದರು. ನಾನು ಅವರ ಕೈ ನೋಡಿದೆ. ಪಂಚೆಯ ಅಂಚನ್ನು ಮಡಿಸಿ ಬಿಚ್ಚಿ, ಮಡಿಸಿ ಬಿಚ್ಚಿ ಮಾಡುತ್ತಿದ್ದರು. ಗೋಡೆ ಪಕ್ಕದ ಜಾಗ, ಮಫ್ಲರು, ಮೋಟಾರಿನ ಕೀಲಿ ಎಲ್ಲ ಯಾಕೆ ಅಂತ ನನಗೆ ಆಗ ಗೊತ್ತಾಯಿತು. ಈ ಮನುಷ್ಯ ತನಗೂ ಆ ಕಾಯಿಲೆ ಬಂದಿದೆ ಅಂತ ತೀರ್ಮಾನ ಮಾಡಿಕೊಂಡು, ಸಾಯುವುದಕ್ಕೆ ತಯಾರಾಗಿ, ನಮಗ್ಯಾರಿಗೂ ಹೇಳದೆ ಹಾಲು ಮುದ್ದೆ ತಿನ್ನುತ್ತಿದ್ದರು. ನನಗೆ ಭಯವಾಯಿತು. ಭಯವಾದರೆ ನನಗೆ ಬರುವುದು ಕೋಪ. ಮನೆಗೆ ಬಂದು ಇಡೀ ಸಂಜೆ ಪಾತ್ರೆಗಳ ಮೇಲೆ ತೀರಿಸಿಕೊಂಡೆ.

ಮಾರನೇ ದಿನ ರಾಜಾಜಿನಗರದ ಸ್ಕ್ಯಾನಿಂಗ್ ಸೆಂಟರಿಗೆ ನಾನು ನಿಂಬೆಹಣ್ಣು ಒಯ್ಯಲಿಲ್ಲ. ಬೆಳಿಗ್ಗೆ ಬೇಗ ಎದ್ದು ಬಸ್ಸಾರು ಮಾಡಿ, ಸ್ಟೀಲ್ ಡಬ್ಬಿಗೆ ಹಾಕಿ, ಮುಚ್ಚಳ ಬಿಗಿದು ಬ್ಯಾಗಿನಲ್ಲಿಟ್ಟುಕೊಂಡೆ. ಇಷ್ಟು ದಿನ ಅಪವಾದ ಹೊತ್ತದ್ದು ನನ್ನ ಸಾರು, ಸಾಕ್ಷಿ ಹೇಳುವುದೂ ಅದೇ ಆಗಲಿ ಅನ್ನುವ ಹಟ. ಗಂಡ ಆಫೀಸಿಗೆ ರಜೆ ಹಾಕುತ್ತೇನೆ ಅಂದರು. ಬೇಡ ಅಂದೆ. ಅವರ ಮಾತ್ರೆ ಅಲ್ಲಿ ಕೆಲಸಕ್ಕೆ ಬರುತ್ತಿರಲಿಲ್ಲ.

ಸ್ಕ್ಯಾನ್ ಮಾಡುವ ಡಾಕ್ಟರು ಇನ್ನೂ ಚಿಕ್ಕ ಹುಡುಗಿ. ಎಸಿ ರೂಮಿನ ಮಬ್ಬಿನಲ್ಲಿ ಮಾವನನ್ನು ಮಲಗಿಸಿ, ದವಡೆಯ ಕೆಳಗೆ ತಣ್ಣನೆಯ ಲೋಳೆ ಹಚ್ಚಿ, ಯಂತ್ರದ ಮೂತಿಯನ್ನು ಮೆಲ್ಲಗೆ ಒತ್ತಿದರು. ಪರದೆಯ ಮೇಲೆ ಬೂದು ಬಣ್ಣದ ಕಲಸುಮೇಲೋಗರ.

"ಗ್ರಂಥಿ ಊದಿರೋದು ಕಾಣ್ತಿದೆ. ನಿಂಬೆಹಣ್ಣು ಕೊಡಿ ಆಂಟಿ."

ನಾನು ಡಬ್ಬಿ ತೆಗೆದೆ. ಬೆಳ್ಳುಳ್ಳಿ, ಜೀರಿಗೆ, ಹುಣಸೆಹಣ್ಣಿನ ವಾಸನೆ ರೂಮು ತುಂಬಿತು.

"ಇದೇನು?"

"ಬಸ್ಸಾರು."

ಡಾಕ್ಟರು ಬಗ್ಗಿ ಡಬ್ಬಿಯೊಳಗೆ ನೋಡಿದರು. "ನಮ್ಮಜ್ಜಿ ಹಿಂಗೇ ಮಾಡ್ತಿದ್ರು," ಅಂದರು. "ಎರಡೇ ಚಮಚ ಹಾಕಿ. ತಾತ, ನುಂಗ್ಬೇಡಿ, ಬಾಯಲ್ಲೇ ಇಟ್ಕೊಳಿ."

ಮಾವನ ತಲೆ ಸ್ವಲ್ಪ ಎತ್ತಿ ಹಿಡಿದು ಎರಡು ಚಮಚ ಹಾಕಿದೆ. ಎಷ್ಟೋ ದಿನದ ಮೇಲೆ ನನ್ನ ಸಾರು ಆ ಬಾಯಿಗೆ ಹೋಯಿತು. ಮುಖ ಕಿವುಚಿಕೊಂಡರು, ಕಣ್ಣಲ್ಲಿ ನೀರು ಬಂತು, ಊತ ನಮ್ಮ ಎದುರಿಗೇ ಏರಿತು. ಪರದೆಯಲ್ಲಿ ಕಪ್ಪು ಗೆರೆಯೊಂದು ಅಗಲವಾಗುತ್ತ ಹೋಯಿತು. ಅದರ ತುದಿಯಲ್ಲಿ ಅಕ್ಕಿಕಾಳಿನಷ್ಟು ಬೆಳ್ಳಗೆ ಏನೋ ಹೊಳೆಯಿತು, ಅದರ ಹಿಂದೆ ಉದ್ದಕ್ಕೆ ಒಂದು ಕಪ್ಪು ನೆರಳು.

ಮಾವ ಬಾಯಲ್ಲಿದ್ದುದನ್ನು ಅಪ್ಪಣೆ ಕೇಳದೆ ನುಂಗಿದರು. "ಅದೇನಾ?" ಅಂದರು.

"ಕಲ್ಲು ತಾತ. ನಾಳಕ್ಕೆ ಅಡ್ಡ ಕೂತಿದೆ. ಜೊಲ್ಲು ಹೊರಗೆ ಬರಕ್ಕಾಗ್ದೆ ಒಳಗೇ ಊದ್ತಿದೆ."

"ಅಲ್ಲ. ಅದು. ಆ ಕಾಯಿಲೆ."

ಡಾಕ್ಟರಿಗೆ ಅರ್ಥವಾಯಿತು. ಮತ್ತೆ ಯಂತ್ರ ಇಟ್ಟು, ಆ ಕಡೆ ಈ ಕಡೆ, ಕುತ್ತಿಗೆಯ ಉದ್ದಕ್ಕೂ ನಿಧಾನವಾಗಿ ನೋಡಿದರು. ನಾನು ಡಬ್ಬಿಯ ಮುಚ್ಚಳ ಬಿಗಿದು, ಬಿಚ್ಚಿ, ಮತ್ತೆ ಬಿಗಿದೆ.

"ಗಡ್ಡೆ ಥರದ್ದು ಏನೂ ಇಲ್ಲ ತಾತ. ಕಲ್ಲಷ್ಟೇ. ಬಾಯಿಗೆ ಹತ್ರಾನೇ ಇದೆ, ಒಳಗಿಂದಾನೇ ತೆಗೀತಾರೆ." ಮತ್ತೆ ನನ್ನ ಕಡೆ ತಿರುಗಿ, "ಹುಳಿ ಬಿಡಿಸಬೇಡಿ ಆಂಟಿ. ಸೋಂಕು ಇಳಿದ ಮೇಲೆ ಚೀಪ್ತಾ ಇದ್ರೆ ಒಳ್ಳೇದೇ. ನಿಮ್ಮ ಡಾಕ್ಟ್ರೂ ಅದೇ ಹೇಳ್ತಾರೆ," ಅಂದು, ರಿಪೋರ್ಟ್ ಟೈಪ್ ಮಾಡುವುದಕ್ಕೆ ಮೂಲೆಯ ಕಂಪ್ಯೂಟರಿನ ಹತ್ತಿರ ಹೋದರು.

ನನ್ನ ಬಸ್ಸಾರು ನಿರಪರಾಧಿ ಅಂತ ಮಾತ್ರವಲ್ಲ, ಔಷಧಿ ಅಂತಲೇ ತೀರ್ಪಾಯಿತು. ನನಗೆ ಬಾಯಿ ಬಂತು. ಟಿಶ್ಯೂ ಕಾಗದದಲ್ಲಿ ಮಾವನ ಕುತ್ತಿಗೆಯ ಲೋಳೆ ಒರೆಸುತ್ತ ಶುರುಮಾಡಿದೆ. "ಇಷ್ಟು ದಿನ ಬಾಯಿ ಹೊಲ್ಕೊಂಡಿದ್ರಾ ಮಾವ? ನನ್ನ ಸಾರೇ ಕೆಟ್ಟೋಯ್ತಾ ಅಂತ ನಾನು ತಲೆ ಚಚ್ಕೋತಿದ್ದೆ. ಮಫ್ಲರ್ ಸುತ್ಕೊಂಡು ಕೂತ್ರೆ ಕಾಯಿಲೆ ಹೋಗತ್ತಾ? ಒಂದು ಮಾತು ಹೇಳಿದ್ರೆ ಏನಾಗ್ತಿತ್ತು? ಅತ್ತೆಗೆ ಮಾಡಿದೋಳು ನಿಮಗೆ ಮಾಡ್ತಿರ್ಲಿಲ್ವಾ?"

ಮಾವ ಮೇಲೆ ತಾರಸಿ ನೋಡುತ್ತ ಮಲಗಿದ್ದರು.

"ನೀನು ಮಾಡ್ತಿದ್ದೆ ಕಣವ್ವ," ಅಂದರು. "ಅದಕ್ಕೇ ಹೇಳ್ಲಿಲ್ಲ."

ಕೈಯಲ್ಲಿ ಅದೇ ಕಾಗದ ಹಿಡಿದುಕೊಂಡು, ಲೋಳೆಯೆಲ್ಲ ಹೋದ ಮೇಲೂ ಒರೆಸುತ್ತಲೇ ಇದ್ದೆ, ಅಳುತ್ತಲೇ ಇದ್ದೆ. ಸದ್ದು ಕೇಳಿ ಡಾಕ್ಟರು ಮೂಲೆಯಿಂದ ಎದ್ದು ಬಂದು ನನ್ನ ಭುಜ ಹಿಡಿದುಕೊಂಡರು.

"ಅಯ್ಯೋ, ಅಳಬೇಡಿ ಆಂಟಿ," ಅಂದರು. "ಬರೀ ಕಲ್ಲು ಅಂದೆನಲ್ಲ."