ಐದನೇ ಮಹಡಿಯ ಬಾಗಿಲು

ಕೋವಿಡ್ ಮುಗಿದು ಕಚೇರಿಗಳು ಮತ್ತೆ ತುಂಬತೊಡಗಿದ ವರ್ಷ ನಾನು ಬೆಳ್ಳಂದೂರಿನ ಒಂದು ಸಾಫ್ಟ್‌ವೇರ್ ಕಂಪನಿಯಲ್ಲಿ ಸೆಕ್ಯುರಿಟಿ ಮ್ಯಾನೇಜರ್ ಆಗಿದ್ದೆ. ಅನುಮಾನ ಪಡುವುದಕ್ಕೇ ಸಂಬಳ. ನಿವೃತ್ತನಾದರೂ ಆ ಚಾಳಿ ಬಿಟ್ಟಿಲ್ಲ ಎಂದು ಹೆಂಡತಿ ಈಗಲೂ ಬೈಯುತ್ತಾಳೆ.

ಒಂದು ಶುಕ್ರವಾರ ಐದನೇ ಮಹಡಿಯ ಲ್ಯಾಪ್‌ಟಾಪ್ ಒಂದು ಕಾಣೆಯಾಯಿತು. ಆಕ್ಸೆಸ್ ಲಾಗ್ ತೆಗೆಸಿದೆ. ಯಾರ ಕಾರ್ಡು ಯಾವ ಬಾಗಿಲಿಗೆ ಎಷ್ಟು ಹೊತ್ತಿಗೆ ತಾಗಿತು ಎಂಬ ದಾಖಲೆ ಅದು. ಸತತ ನಾಲ್ಕು ಗುರುವಾರ, ಸಂಜೆ ನಾಲ್ಕಕ್ಕೆ, ಒಂದೇ ಕಾರ್ಡು ಆ ಮಹಡಿಯ ಬಾಗಿಲಿಗೆ ತಾಗಿತ್ತು. ಒಮ್ಮೆಯೂ ಬಾಗಿಲು ತೆರೆದಿರಲಿಲ್ಲ. ಕಾರ್ಡು ರಿಸೆಪ್ಷನ್‌ನ ರೇಣುಕಾಳದು.

ರೇಣುಕಾ ಕೊಪ್ಪಳದ ಕಡೆಯ ಟ್ರಾನ್ಸ್‌ಜೆಂಡರ್ ಹೆಣ್ಣುಮಗಳು. ಏಜೆನ್ಸಿ ಮೂಲಕ ಬಂದ ಗುತ್ತಿಗೆ ಕೆಲಸ. ದಾಸರಹಳ್ಳಿಯಿಂದ ಮೆಟ್ರೋ, ಬಸ್ಸು ಹಿಡಿದು ನನಗಿಂತ ಮೊದಲೇ ಬಂದಿರುತ್ತಿದ್ದಳು. ಆದರೂ ಮೊದಲ ದಿನದಿಂದ ನನಗೆ ಆಕೆಯ ಮೇಲೊಂದು ಕಣ್ಣು. ಸಿಗ್ನಲ್‌ನಲ್ಲಿ ಚಪ್ಪಾಳೆ ಕೇಳಿದರೆ ಕಾರಿನ ಗಾಜು ಏರಿಸುವ ಆಸಾಮಿ ನಾನು. ಹೇಳಿಕೊಳ್ಳಲು ಈಗ ನಾಚಿಕೆಯಾಗುತ್ತದೆ.

ಗುರುವಾರ ಐದನೇ ಮಹಡಿಯಲ್ಲಿ ಸೇರುತ್ತಿದ್ದದ್ದು ಕಂಪನಿಯ ಎಲ್‌ಜಿಬಿಟಿಕ್ಯೂ ಬಳಗ. ಅದರ ಮುಂದಾಳು ಅನಿರುದ್ಧ, ತಾನು ಗೇ ಎಂದು ಕಚೇರಿಯಲ್ಲಿ ಧೈರ್ಯವಾಗಿ ಹೇಳಿಕೊಂಡಿದ್ದ ಎಂಜಿನಿಯರ್. ಇವನಾದರೂ ಆಕೆಯ ಪರ ಮಾತಾಡಿಯಾನು ಎಂದುಕೊಂಡು ರೇಣುಕಾಳ ಬಗ್ಗೆ ವಿಚಾರಿಸಿದೆ. ಬಳಗ ಕಾಯಂ ನೌಕರರಿಗೆ ಮಾತ್ರ, ಕಂಪನಿಯ ಇಮೇಲ್ ಇಲ್ಲದವರಿಗೆ ಸದಸ್ಯತ್ವವಿಲ್ಲ ಎಂದ. ಆಮೇಲೆ ದನಿ ತಗ್ಗಿಸಿದ.

“ನಮ್ಮಲ್ಲಿ ಕೆಲವರು ಮನೇಲೂ ಹೇಳ್ಕೊಂಡಿಲ್ಲ ಸಾರ್. ರಿಸೆಪ್ಷನ್‌ಗೆ ಗೊತ್ತಾದ್ರೆ ಇಡೀ ಬಿಲ್ಡಿಂಗಿಗೆ ಗೊತ್ತಾದಂಗೆ. ಅವರ ಮೇಲೆ ಸ್ವಲ್ಪ ಕಣ್ಣಿಡಿ.”

ಅವರೇ ನಂಬದ ಮೇಲೆ ನಾನೇಕೆ ನಂಬಲಿ ಎನ್ನಿಸಿತು. ರೇಣುಕಾಳನ್ನು ಕರೆಸಿ ಕೇಳಿದೆ.

“ಪೋಸ್ಟರ್‌ನ್ಯಾಗ ನನ್ನ ಫೋಟೋ ಐತ್ರಿ ಸರ. ಗುರುವಾರ ನಾಕಕ್ಕ ಎಲ್ಲಾರೂ ಬರ್ರಿ ಅಂತ ಬರದೈತಿ. ಹೋದ್ರ ಬಾಗಲಾ ತೆರಿಯಂಗಿಲ್ಲ.”

ಕಾರ್ಡು ಕೆಟ್ಟಿರಬೇಕು, ಯಾರಾದರೂ ಸರಿ ಮಾಡಿರುತ್ತಾರೆ ಎಂದು ಪ್ರತಿ ವಾರ ಹೋಗುತ್ತಿದ್ದಳಂತೆ. ಲಿಫ್ಟಿನ ಪಕ್ಕದ, ಬಳಗದ ಆ ಪೋಸ್ಟರನ್ನು ನಾನೂ ದಿನಾ ನೋಡುತ್ತಿದ್ದೆ. ಆದರೂ ಇದು ಕಟ್ಟುಕಥೆ, ಯಾರದೋ ಹಿಂದೆ ನುಸುಳಿ ಒಳಹೋಗಿರುತ್ತಾಳೆ ಎಂದುಕೊಂಡು, ಆಕೆಯನ್ನು ಬದಲಿಸಿ ಎಂದು ಏಜೆನ್ಸಿಗೆ ಮೇಲ್ ಹಾಕಿದೆ. ಅವರು ಅಂದೇ ಕಾರ್ಡು ವಾಪಸ್ ಪಡೆದರು.

ಸೋಮವಾರ ಲ್ಯಾಪ್‌ಟಾಪಿನವನು ಅದನ್ನು ಹೆಗಲಿಗೆ ನೇತುಹಾಕಿಕೊಂಡೇ ಬಂದ. ಪಿಜಿಯಲ್ಲಿ ಮಂಚದ ಕೆಳಗೆ ಇತ್ತಂತೆ. ರೇಣುಕಾಳಿಗೆ ಫೋನ್ ಮಾಡಿ ಕ್ಷಮೆ ಕೇಳಿದೆ. ಆಕೆಗೆ ದಾಸರಹಳ್ಳಿಯಲ್ಲಿ ರೂಮು ಸಿಕ್ಕಿದ್ದೇ ಆ ಕಾರ್ಡು ತೋರಿಸಿ ಎಂದು ತಿಳಿದದ್ದು ಆಗ. ಕೆಲಸ ಹೋಯಿತೆಂದು ಓನರ್ ರೂಮು ಖಾಲಿ ಮಾಡಲು ಹೇಳಿಬಿಟ್ಟಿದ್ದರು. ನಾನೇ ಎರಡು ಸಲ ಹೋಗಿ ಅವರನ್ನು ಒಪ್ಪಿಸಬೇಕಾಯಿತು.

ಏಜೆನ್ಸಿಗೆ ಇನ್ನೊಂದು ಮೇಲ್ ಹಾಕಿದ ಮೇಲೆ ರೇಣುಕಾ ಮತ್ತೆ ಕೆಲಸಕ್ಕೆ ಬಂದಳು. ಐದನೇ ಮಹಡಿಗೂ ಆಕೆಯ ಕಾರ್ಡಿಗೆ ಅನುಮತಿ ಹಾಕಿಸಿದೆ. ಗುರುವಾರ ಅನಿರುದ್ಧ ತಾನೇ ರಿಸೆಪ್ಷನ್‌ಗೆ ಇಳಿದು ಬಂದು ಬಳಗಕ್ಕೆ ಕರೆದ.

“ನೀವ ಇಲ್ಲಿ ಬರ್ರಿ ಸರ,” ಎಂದಳು ಆಕೆ. “ಇಲ್ಲಿ ಎಲ್ಲಾರಿಗೂ ಕಾಣತೀವಿ, ಅಷ್ಟ.”

ಅನಿರುದ್ಧ ಒಬ್ಬನೇ ಮೇಲೆ ಹೋದ. ಅವನ ಭಯವೂ ಸುಳ್ಳಲ್ಲ.

ಲಾಗ್‌ನಲ್ಲಿ ಬಾಗಿಲಿಗೆ ಬಂದವರ ಹೆಸರಿರುತ್ತದೆ, ಅವರಿಗೆ ಅದನ್ನು ತೆರೆಯದವರ ಹೆಸರಿರುವುದಿಲ್ಲ. ಆ ಕೆಲಸ ನನಗೆ ಕಲಿಸಿದ್ದು ಇಷ್ಟೇ: ಅನುಮಾನ ಪಡುವುದಾದರೆ ಆ ಎರಡನೇ ಪಟ್ಟಿಯಿಂದ ಶುರುಮಾಡಬೇಕು. ಅದರಲ್ಲಿ ನನ್ನ ಹೆಸರೂ ಇತ್ತು.