ಸದ್ದಿಲ್ಲದ ಕಾಯಿಯ ವಿಜ್ಞಾನಿ

ನನ್ನ ಕಾದಂಬರಿಯಲ್ಲಿ ಒಬ್ಬ ವಿಜ್ಞಾನಿ ಬರುತ್ತಾನೆ. ಅವನನ್ನು ನಾನು ಹುಟ್ಟಿಸಿದ್ದೇ ಸೇಡು ತೀರಿಸಿಕೊಳ್ಳಲು. ಓದುಗರು ಕೇಳಿದಾಗಲೆಲ್ಲ ಕಲ್ಪನೆ, ಸ್ಫೂರ್ತಿ ಅಂತ ಏನೇನೋ ಹೇಳಿ ತಪ್ಪಿಸಿಕೊಂಡಿದ್ದೇನೆ. ನಿಜ ಇಷ್ಟೇ: ಹೈಸ್ಕೂಲಿನ ನಮ್ಮ ವಿಜ್ಞಾನದ ಮೇಷ್ಟ್ರ ಮೇಲೆ ನನಗೆ ಹೊಟ್ಟೆ ತುಂಬ ಸಿಟ್ಟಿತ್ತು, ಇವತ್ತಿಗೂ ಇದೆ.

ತಿಪಟೂರಿನಿಂದ ತುರುವೇಕೆರೆಗೆ ಹೋಗುವ ದಾರಿಯಲ್ಲಿ ನಮ್ಮೂರು. ತೆಂಗಿನಕಾಯನ್ನು ಅಟ್ಟಕ್ಕೆ ಹಾಕಿ, ಹೆಚ್ಚುಕಮ್ಮಿ ವರ್ಷ ಬಿಟ್ಟು ಇಳಿಸುತ್ತೇವೆ. ಅಷ್ಟರಲ್ಲಿ ಒಳಗಿನ ನೀರು ಇಂಗಿ, ಕೊಬ್ಬರಿ ಕರಟ ಬಿಟ್ಟು ಉಂಡೆಯಾಗಿರುತ್ತದೆ. ಯಾವುದು ಆಗಿದೆ, ಯಾವುದು ಆಗಿಲ್ಲ ಎಂದು ನಮ್ಮ ಮನೆಯಲ್ಲಿ ಹೇಳುತ್ತಿದ್ದವಳು ಅವ್ವ. ಕಿವಿಯ ಹತ್ತಿರ ಹಿಡಿದು ಒಂದೇ ಸಲ ಅಲ್ಲಾಡಿಸುವಳು. ಗುಳುಗುಳು ಅಂದರೆ ನೀರಿದೆ. ಲೊಟಲೊಟ ಅಂದರೆ ಕೊಬ್ಬರಿ ಕರಟ ಬಿಟ್ಟಿದೆ, ಒಡೆಯಬಹುದು. ಏನೂ ಸದ್ದಿಲ್ಲದ್ದೇ ಮೋಸದ ಕಾಯಿ. ನೀರು ಹೋಗಿದೆ, ಆದರೆ ಕೊಬ್ಬರಿ ಇನ್ನೂ ಕರಟಕ್ಕೆ ಅಂಟಿಕೊಂಡಿದೆ, ಒಡೆದರೆ ಚೂರುಚೂರು. ಅದನ್ನು ವಾಪಸ್ ಅಟ್ಟಕ್ಕೆ ಕಳಿಸುವಳು.

ಮೇಷ್ಟ್ರು ಒಂದು ಭಾನುವಾರ ಬಂದು, ಅವ್ವನ ಕೈಯ ಕಾಫಿ ಕುಡಿದು, ಇದನ್ನೆಲ್ಲ ಬರೆದುಕೊಂಡು ಹೋದರು. ತಿಂಗಳು ಕಳೆಯುವುದರೊಳಗೆ ವಿಜ್ಞಾನ ವಸ್ತುಪ್ರದರ್ಶನದಲ್ಲಿ ಅದು ಅವರ ಸಂಶೋಧನೆಯಾಗಿತ್ತು. ಶಾಲು, ಹಾರ, ಪತ್ರಿಕೆಯಲ್ಲಿ ಫೋಟೊ. ಅವ್ವನ ಸುದ್ದಿಯೇ ಇಲ್ಲ. ಚಾರ್ಟಿನಲ್ಲಿ ಸದ್ದಿಲ್ಲದ ಕಾಯಿ ಒಡೆಯಲು ಸಿದ್ಧ ಎಂದು ಬೇರೆ ಬರೆದಿತ್ತು. ಕದ್ದದ್ದನ್ನಾದರೂ ಸರಿಯಾಗಿ ಕದಿಯಬಾರದೆ?

ನಾನು ಕ್ಲಾಸಿನಲ್ಲಿ ಎದ್ದು ನಿಂತು, "ಅದು ತಪ್ಪು ಸಾರ್. ನಮ್ಮವ್ವ ನಿಮ್ಗೆ ಹಂಗೆ ಹೇಳ್ಲಿಲ್ಲ" ಅಂದೆ.

"ನಿಮ್ಮವ್ವ ಯಾವ ಕಾಲೇಜಲ್ಲಿ ಓದವ್ರಮ್ಮ?" ಅಂದರು ಮೇಷ್ಟ್ರು. ಇಡೀ ಕ್ಲಾಸು ನಕ್ಕಿತು. ಪೀರಿಯಡ್ಡು ಮುಗಿಯುವವರೆಗೆ ನನ್ನನ್ನು ಬಾಗಿಲ ಹೊರಗೆ ನಿಲ್ಲಿಸಿದರು.

ದೊಡ್ಡವಳಾದ ಮೇಲೆ ನಾನು ಬರೆಯತೊಡಗಿದೆ. ಸತ್ತವರ ಕೊನೆಯ ಮಾತನ್ನು ಕಾಯೊಳಗೆ ತುಂಬಿ ಅಟ್ಟದಲ್ಲಿಡುವ ಒಂದು ದೇಶ ಕಟ್ಟಿದೆ. ಕಾಯಿ ತಾನಾಗಿ ಒಣಗಿದ ಮೇಲೆ ಒಡೆದರೆ ಮಾತು ಇಡಿಯಾಗಿ ಕೇಳುತ್ತದೆ. ಅಲ್ಲಿಗೆ ಮೇಷ್ಟ್ರನ್ನು ರಾಜವಿಜ್ಞಾನಿಯಾಗಿ ಕಳಿಸಿದೆ. ಅದೇ ಬೋಳುತಲೆ, ಅದೇ ಎಲೆಅಡಿಕೆಯ ಬಾಯಿ, ಮಾತಿಗೊಮ್ಮೆ ಅದೇ "ಅರ್ಥವಾಯ್ತಾ?" ಅವನು ಒಬ್ಬ ಮುದುಕಿಯ ಕಾಯಿ ಅಲ್ಲಾಡಿಸಿ ಕೇಳುವ ವಿದ್ಯೆ ಕದ್ದು, ಸದ್ದಿಲ್ಲದ ಕಾಯಿಗಳನ್ನೆಲ್ಲ ಒಡೆಸುತ್ತಾನೆ. ದೇಶದ ತುಂಬ ಅರ್ಧರ್ಧ ಮಾತು. ಒಬ್ಬ ತಾಯಿಯ ಮಾತು "ನೀನು ನನ್ನ" ಅನ್ನುವಲ್ಲಿಗೆ ನಿಂತು, ಮಗಳು ಹುಚ್ಚಿಯಾಗುತ್ತಾಳೆ. ಕೊನೆಗೆ ಅಟ್ಟ ಕುಸಿದು ವಿಜ್ಞಾನಿ ಕಾಯಿರಾಶಿಯ ಅಡಿ ಸಾಯುತ್ತಾನೆ. ಆ ಅಧ್ಯಾಯವನ್ನು ನಾಲ್ಕು ಸಲ ಬರೆದೆ, ಪ್ರತಿ ಸಲವೂ ಒಂದಿಷ್ಟು ಕಾಯಿ ಹೆಚ್ಚಿಗೆ ಬೀಳಿಸಿದೆ. ಬರವಣಿಗೆಯಲ್ಲಿ ಅಂಥ ಖುಷಿ ನನಗೆ ಇನ್ನೆಂದೂ ಸಿಕ್ಕಿಲ್ಲ. ಸತ್ತ ಮೇಲೂ ಬಿಡಲಿಲ್ಲ. ಅರ್ಧ ದೇಶ ಅವನ ಪ್ರತಿಮೆಗೆ ಹಾರ ಹಾಕುತ್ತದೆ, ಇನ್ನರ್ಧ ಸಗಣಿ ಎರಚುತ್ತದೆ.

ಹೋದ ವರ್ಷ ತಿಪಟೂರು ಬಸ್‌ಸ್ಟ್ಯಾಂಡಿನಲ್ಲಿ ಮೇಷ್ಟ್ರೇ ಎದುರಾದರು. ಕಂಕುಳಲ್ಲಿ ನನ್ನ ಪುಸ್ತಕ.

"ಆ ವಿಜ್ಞಾನಿ ನಾನೇ ಅಲ್ವೇನಮ್ಮಾ? ನಮ್ಮನೇಲಿ ಎಲ್ರೂ ಓದವ್ರೆ. ನನ್ನ ಪ್ರತಿಮೆನೂ ನಿಲ್ಸಿದ್ದೀಯ!" ಅವರ ಕಣ್ಣಲ್ಲಿ ನೀರು. ಪಕ್ಕದಲ್ಲಿದ್ದವರಿಗೆ, "ನನ್ನ ಶಿಷ್ಯೆ ಕಣ್ರೀ" ಎಂದು ತೋರಿಸಿದರು.

"ಸಗಣಿ ಎರಚಿದ್ದನ್ನೂ ಓದಿದ್ರಾ ಸಾರ್?" ಅಂದೆ.

"ದೊಡ್ಡೋರಿಗೆ ವಿರೋಧ ಇದ್ದಿದ್ದೇ ಕಣಮ್ಮ" ಅಂದರು.

ಮೈಯೆಲ್ಲ ಉರಿದುಹೋಯಿತು. ಅವ್ವನಾದರೂ ನನ್ನ ಜೊತೆ ಹಲ್ಲು ಕಡಿಯಲಿ ಎಂದು ಅವಳ ಮುಂದೆ ಕೂತು ಪುಸ್ತಕ ಓದಿ ಹೇಳಿದೆ. ಅವಳಿಗೆ ಓದು ಬಾರದು. ಎಂಟು ಮಧ್ಯಾಹ್ನ ಹಿಡಿಯಿತು. ವಿಜ್ಞಾನಿಯ ಬಾಲ್ಯ, ಮದುವೆ, ಜಗಳ, ಸಾವು, ಪ್ರತಿಮೆ ಎಲ್ಲವನ್ನೂ ಕೇಳಿದಳು. ಪುಸ್ತಕ ಮುಚ್ಚಿದ ಮೇಲೂ ಇನ್ನೇನೋ ಇದೆ ಎನ್ನುವ ಹಾಗೆ ಕೂತಿದ್ದಳು.

"ಆ ಮುದುಕಿ ಆಮೇಲೆ ಏನಾದ್ಲೇ?" ಅಂದಳು.

ಪುಟ ತಿರುವಿದೆ. ಮುದುಕಿ ಬಂದದ್ದು ಒಂದೇ ಕಡೆ, ಏಳು ಸಾಲು. ಮೇಷ್ಟ್ರನ್ನು ಕೊಲ್ಲುವ ಭರದಲ್ಲಿ ಅವಳನ್ನು ಮರೆತೇಬಿಟ್ಟಿದ್ದೆ.

"ಬರ್ದಿಲ್ಲ ಕಣವ್ವ."

ಅವ್ವ ಸೆರಗು ಕೊಡವಿಕೊಂಡು ಎದ್ದಳು. "ಮೇಷ್ಟ್ರು ಬುಟ್ರು, ಆಗ್ಲಿ. ನೀನೂ ಬುಟ್ಬುಟ್ಯಲ್ಲೇ."