ಕರ್ನಲ್ ಸಾಹೇಬ್ರಿಗೆ ಎಡಿ ಇಟ್ಟ ವರ್ಷ

ಮುಂಜಾನೆ ಕೊರಿಯರಿನವ ಒಂದು ಲಕೋಟಿ ಕೊಟ್ಟ. ನೋಡ್ತೀನಿ, ಒಂದು ಮೂಲಿ ಹರದೈತಿ. ಈ ವಯಸ್ಸಿನ್ಯಾಗ, ಮೊಣಕಾಲ ನೋವೂ ಮರತು, ಮೂರು ಹೆಜ್ಜಿ ಹಿಂದಕ್ಕ ಜಿಗದೆ ನೋಡ್ರಿ. ಒಳಗಿದ್ದದ್ದು ಬರೇ ವಿಮಾ ನೋಟೀಸು. ಆದ್ರ ನಮ್ಮ ಕಡೆ ಮೂಲಿ ಹರದ ಕಾಗದ ಅಂದ್ರ ಯಾರೋ ಸತ್ತ ಸುದ್ದಿ. ಅದನ್ನ ಹೊಸ್ತಲ ದಾಟಿಸಿ ಒಳಗ ತರೂದಿಲ್ಲ. ಹೊರಗ ನಿಂತು ಓದಿ, ಹರದು ಚೆಲ್ಲಿ, ತಲಿಮ್ಯಾಲೆ ನೀರು ಹಾಕ್ಕೊಂಡ ಮ್ಯಾಲೇ ಒಳಗ ಬರೂದು. ಈಗಿನವರಿಗೆ ಫೋನ್ ಐತಿ, ಸಾವು ಸುದ್ದಾ ಟಿಂಗ್ ಅಂತ ಬರ್ತೈತಿ. ನನಗ ಮಾತ್ರ ಹರದ ಮೂಲಿ ಕಂಡ್ರ ನಮ್ಮ ಮಾವನವರ ಕರ್ನಲ್ ಸಾಹೇಬ್ರು ನೆನಪಾಗ್ತಾರ.

ಎಂಬತ್ತರ ದಶಕದ ಮಾತು. ನಾ ಅಥಣಿಯಿಂದ ಕಾಗವಾಡಕ್ಕ ಸೊಸಿಯಾಗಿ ಬಂದು ಎರಡು ವರ್ಷ ಆಗಿರಬೇಕು. ಪಡಸಾಲಿ ಗ್ವಾಡಿಮ್ಯಾಲೆ ಹಿರೇರ ಫೋಟೋಗಳ ಬಾಜೂಕ, ಎದಿ ತುಂಬ ಪದಕ ಹಾಕ್ಕೊಂಡ ಒಬ್ಬ ಬಿಳೇ ಸಾಹೇಬ. ಬಂದ ಹೊಸದಾಗ, ಇವರೂ ಯಾರೋ ಕಾಕಾ ಇರಬೇಕು, ಪೌಡರ್ ಒಂಚೂರು ಜಾಸ್ತಿ ಆಗೈತಿ ಅಂತ ತಿಳದು ಕೈಮುಗದಾಕಿ ನಾ. ಬಿ.ಎ. ಪಾಸು ಮತ್ತ!

ಮಾವನವರು ಬ್ರಿಟಿಷರ ಪಲ್ಟನ್‌ದಾಗ ಆ ಸಾಹೇಬ್ರ ಆರ್ಡರ್ಲಿ ಆಗಿದ್ರು. ಬೂಟು ತಿಕ್ಕೂದು, ಚಹಾ ಮಾಡೂದು, ಹಿಂದ ಹಿಂದ ಓಡೂದು. ಸಾಹೇಬ್ರ ಜೀವನ ಚರಿತ್ರಿ ನಮ್ಮನಿಯಾಗ ದಿನಾ ಊಟದ ಜೋಡಿ ಬಡಿಸೂದು. ಇಪ್ಪತ್ತನೇ ವಯಸ್ಸಿಗೆ ಒಂದು ಟ್ರಂಕು, ಒಂದು ನಾಯಿ ತಗೊಂಡು ಹಡಗದಿಂದ ಇಳದ್ರು. ಸಿಪಾಯಿಗಳ ಹತ್ತರ ಮರಾಠಿ ಕಲತ್ರು, ಮೊದಲು ಬೈಗಳ, ಆಮ್ಯಾಲೆ ಉಳದದ್ದು. ಲೆಫ್ಟಿನೆಂಟ್ ಇದ್ದವರು ಕ್ಯಾಪ್ಟನ್ ಆದ್ರು. ಮುಂದ ಮಹಾಯುದ್ಧ ಬಂತು, ಇಟಲಿ ದೇಶದ ಹೊಳಿ ಬಂತು. ಇಲ್ಲಿಗೆ ಬರೂದ್ರಾಗ ಮಾವನವರು ತಾಟಿನ್ಯಾಗ ಕೈ ಬಿಟ್ಟು ಎದ್ದು ನಿಲ್ಲವ್ರು. ಗುಂಡು ಸುರ್ಯಾಕತ್ತಾವ, ಸಾಹೇಬ್ರ ಕಾಲಿಗೆ ಬಡದೈತಿ, ಇವರು ಅವರನ್ನ ಬೆನ್ನಿಮ್ಯಾಲೆ ಹೊತ್ತು ಎದಿಮಟ್ಟ ನೀರಾಗ ದಾಟಿಸ್ಯಾರ. "ಪದಕ ಸಾಹೇಬ್ರಿಗೆ ಬಂತು, ಪುಣ್ಯ ನನಗ ಬಂತು," ಅಂತ ಮುಗಸವ್ರು. ಆಮ್ಯಾಲೆ ಸಾಹೇಬ್ರು ಕರ್ನಲ್ ಆಗಿದ್ದು, ವಿಲಾಯತಿಗೆ ಹೋಗಿ ಗುಲಾಬಿ ಬೆಳಸಿದ್ದು ಎಲ್ಲಾ ಎರಡು ಮಾತಿನ್ಯಾಗ ಮುಗೀತಿತ್ತು.

ಮಾವನವರು ಅಂದ್ರ ಐದು ಫೂಟು, ಒಣಾ ಕಬ್ಬಿನ ಜಲ್ಲಿ. ಬಸ್‌ಸ್ಟ್ಯಾಂಡಿನ ಚಹಾದಂಗಡಿ ಬಾಪೂ ಒಬ್ಬನ ಕೊಂಕು ತೆಗ್ಯಾಂವ: "ಹೊತ್ತಾಂವ ನೀ, ಪದಕ ಅವಗ? ಹ್ಯಾಂಗೋ ಕಾಕಾ ಇದು?" ಉಳದ ಊರೆಲ್ಲಾ ನಂಬಿತ್ತು. ಝಂಡಾ ಏರಿಸೂ ದಿನ ಮುಂದಿನ ಖುರ್ಚಿ ಅವರಿಗೇ. ನಮ್ಮತ್ತಿಯನ್ನ ಅವರಿಗೆ ಕೊಟ್ಟದ್ದೂ ಆ ಹೊಳಿ ದಾಟಿಸಿದ್ದಕ್ಕಂತ. ಆ ಕಥಿ ಒಂದು ಕಸಗೊಂಡ್ರ ಅವರ ಹತ್ತರ ಉಳಿಯೂದು ಬರೇ ಮೀಸಿ.

ಆ ವರ್ಷ ನಾ ಪಂಚಮಿಗೆ ತವರಿಗೆ ಹೋಗಿದ್ದೆ. ಅದ ಹೊತ್ತಿಗೆ ವಿಲಾಯತಿಯಿಂದ ಒಂದು ಕಾಗದ ಬಂತು. ನಮ್ಮನಿಯವ್ರು ಸಾಲಿ ಮಾಸ್ತರು, ಸ್ಟಾಂಪ್ ಕೂಡಿಸೂ ಹುಚ್ಚು. ಸಾಲಿಗೆ ಹೊತ್ತಾಗೈತಿ ಅಂತ ಸ್ಟಾಂಪಿದ್ದ ಮೂಲಿ ಪರ್ರನೆ ಹರಕೊಂಡು, ಲಕೋಟಿ ಕಟ್ಟಿಮ್ಯಾಲೆ ಒಗದು ಸೈಕಲ್ ಹತ್ತ್ಯಾರ. ಹೊಲದಿಂದ ಬಂದ ಮಾವನವರು ನೋಡ್ತಾರ, ಮೂಲಿ ಹರದ ಕಾಗದ! ಇಂಗ್ಲಿಷ್ ಓದಾಕ ಬರೂದಿಲ್ಲ. ಓದೂದರ ಯಾಕ ಬೇಕು? ಅಲ್ಲೇ ಕುಸದು ಕುಂತು ಅತ್ತು, ಕಾಗದ ಹರದು ತಿಪ್ಪಿಗೆ ಹಾಕಿ, ಮೀಸಿ ಬೋಳಿಸ್ಕೊಂಡು ಬಂದು ನೀರು ಹಾಕ್ಕೊಂಡ್ರು. ಸಂಜಿಕೆ ಬಂದ ಮಗರಾಯ ಇದನ್ನ ನೋಡಿ ತುಟಿ ಪಿಟಕ್ಕನ್ನಲಿಲ್ಲ. ನಾ ತಿರಗಿ ಬರೂದ್ರಾಗ ಫೋಟೋಕ್ಕ ಮಾಲಿ ಬಿದ್ದಿತ್ತು.

ಹಿರೇರ ಅಮಾಸಿ ಬಂತು, ಸತ್ತ ಹಿರೇರಿಗೆ ಉಣ್ಣಾಕ ಇಡೂ ದಿನ. "ಸಾಹೇಬ್ರಿಗೂ ಎಡಿ ಇಡಬೇಕು," ಅಂದ್ರು ಮಾವನವರು. ಕಡಬು, ಪುಂಡಿಪಲ್ಯಾದ ಜೋಡಿ ಬಿಸ್ಕೀಟು, ಚಹಾ, ಒಂದು ಆಮ್ಲೇಟು. ಮಾಳಗಿಮ್ಯಾಲೆ ಇಟ್ವಿ. ಕಾಗಿ ಮುಟ್ಟೂತನಕ ಮನಿಮಂದಿ ಉಣ್ಣಂಗಿಲ್ಲ. ನಮ್ಮ ಹಿರೇರ ಎಡಿಯೆಲ್ಲಾ ಖಾಲಿ ಆತು. ಸಾಹೇಬ್ರದಕ್ಕ ಮಾತ್ರ ಒಂದು ಕಾಗಿ ಬರವಲ್ದು. ಏನೋ ಆಸೆ ಉಳದೈತಿ ಅಂತ ಮಾವನವರು ಪಲ್ಟನ್ ದನಿಯಾಗ, ಸಾಹೇಬ್ರಿಗೆ ತಿಳಿಯೂ ಮರಾಠಿಯಾಗ ತಪ್ಪೊಪ್ಪಿಗಿ ಸುರು ಮಾಡಿದ್ರು.

"ಸಾಹೇಬ್ರ, ನಿಮ್ಮ ಬೂಟಿಗೆ ಉಗುಳಿ ತಿಕ್ಕತಿದ್ದೆ, ತಪ್ಪಾತು!" ಬೇವಿನ ಗಿಡದ ಕಾಗಿ ಹೊಳ್ಳಿ ನೋಡಲಿಲ್ಲ.

"ಬ್ರಾಂಡಿ ಕುಡದು ನೀರು ಕೂಡಿಸಿದ್ದು ನಾನ, ನಾಯಿ ಹೆಸರು ಹೇಳಿದ್ದೆ!" ಕಾಗಿ ಬೆನ್ನು ತಿರಗಿಸಿ ಕುಂತಿತು. ನಾ ಸೆರಗು ಬಾಯಾಗ ತುರುಕ್ಕೊಂಡು ನಗೂದು ತಡದೆ, ಹಸಿವಿ ಬ್ಯಾರೆ.

ಆಮ್ಯಾಲೆ ಮಾವನವರು ಎಡಿಗೆ ಕೈಮುಗದ್ರು. "ಹೊಳಿ ದಾಟಿಸಿದ್ದು ನಾ ಅಲ್ರಿ, ನೀವು. ನನ್ನ ಹೊತ್ತವ್ರು ನೀವು. ಊರ ಮುಂದ ತಿರಗಾಮುರಗಾ ಮಾಡಿ ಹೇಳೇನಿ. ಇನ್ನರ ಉಣ್ರಿ."

ನನ್ನ ನಗಿ ಅಲ್ಲೇ ನಿಂತಿತು.

ಕೆಳಗ ಯಾರೋ ಕೆಮ್ಮಿದ್ರು. ಬಗ್ಗಿ ನೋಡಿದ್ರ ನಿಚ್ಚಣಿಕಿ ಬುಡಕ ಆರು ಫೂಟಿನ ಕೆಂಪು ಮುದುಕ, ಟೋಪಿ ಕೈಯಾಗ. ಹಿಂದ ಮೀರಜದ ಟ್ಯಾಕ್ಸಿ. "ಕಸಾ ಆಹೇಸ್ ರೇ?" ಅಂತ ಮರಾಠಿಯಾಗ, ಹ್ಯಾಂಗ ಅದಿಯೋ ಅಂತ ಕೇಳಿದ್ರು. ಮಾವನವರು ಕೈಮುಗದು, "ಸಾಹೇಬ್ರ, ಎಡಿ ತಿನ್ನಾಕ ನೀವ ಬಂದ್ರ್ಯಾ?" ಅಂದ್ರು. ನಮ್ಮನಿಯವ್ರು ನನ್ನ ಕಿವ್ಯಾಗ, "ಸ್ಟಾಂಪ್ ಭಾಳ ಚಂದ ಇತ್ತು," ಅಂದು ಎಲ್ಲಾ ಬಾಯಿಬಿಟ್ರು. ಆ ಕಾಗದದಾಗ, ನಾ ಬರ್ತೀನಿ ಅಂತ ಬರದಿದ್ರಂತ ಸಾಹೇಬ್ರು.

ಸಾಹೇಬ್ರು ತಮ್ಮ ಫೋಟೋದ ಮಾಲಿ ನೋಡಿ ಹೊಟ್ಟಿ ಹಿಡ್ಕೊಂಡು ನಕ್ಕು, ಎಡಿಯೆಲ್ಲಾ ತಾವ ತಿಂದ್ರು. "ತನ್ನ ಎಡಿ ತಾನ ತಿಂದವ್ರನ್ನ ಇದ ಮೊದಲ ನೋಡಿದ್ದು ಬೇ," ಅಂದ್ರು ನಮ್ಮತ್ತಿ.

ಅಷ್ಟೊತ್ತಿಗೆ ಅಂಗಳ ತುಂಬ ಮಂದಿ. ಗಡಿ ಊರು, ಎಲ್ಲಾರಿಗೂ ಮರಾಠಿ ಬರ್ತೈತಿ. ಬಾಪೂ ಬಿಡ್ತಾನ? "ಸಾಹೇಬ್ರ, ಆ ಹೊಳಿ ದಾಟಿದ್ದು ಹ್ಯಾಂಗ್ರಿ? ಯಾರು ಯಾರನ್ನ ಹೊತ್ರಿ?"

ಮಾವನವರ ಮಾರಿ ಬಿಳಚಿತು. ಸಾಹೇಬ್ರು ಒಂದ್ಸಲ ಮಾವನವರನ್ನ ನೋಡಿ, ಮರಾಠಿಯಾಗ ಸಾವಕಾಶ ಹೇಳಿದ್ರು: "ಇವನೇ ನನ್ನನ್ನ ಹೊತ್ತ."

ಮಾಳಗಿಮ್ಯಾಲಿನ ಮಾತು ಅವರು ಕೇಳಿದ್ರು, ನನಗ ಗೊತ್ತಿತ್ತು. ಮಾವನವರು ಸುಮ್ಮ ಇದ್ದಿದ್ರ ಮುಗೀತಿತ್ತು. ಇರಲಿಲ್ಲ ನೋಡ್ರಿ. ಎದ್ದು ನಿಂತ್ರು. "ಸುಳ್ಳ! ಕಾಲಿಗೆ ಗುಂಡು ಬಡದದ್ದು ನನಗ. ದಂಡಿ ಮುಟ್ಟಿದ್ದ ಈ ಮನಷ್ಯಾ ನನ್ನ ಸಲುವಾಗಿ ತಿರಗಿ ನೀರಾಗ ಇಳದ. ಪದಕ ಕೊಟ್ಟದ್ದು ಅದಕ್ಕ!"

ಆಮ್ಯಾಲೆ ಬಾಪೂನ ಕಣ್ಣಾಗ ನೀರು. "ನೋಡ್ರಲೇ, ಎಂಥಾ ದೊಡ್ಡ ಮನಸ್ಸು! ಸಾಹೇಬ್ರ ಮುಂದ ತನ್ನ ದೊಡ್ಡಸ್ತನ ಬ್ಯಾಡ ಅಂತಾನ," ಅಂದು ಮಾವನವರ ಕಾಲಿಗೆ ಬಿದ್ದ. ಇವರು ದೇವರಾಣಿ ಅಂದಷ್ಟೂ ಮಂದಿ ಚಪ್ಪಾಳಿ ಹೊಡದ್ರು. ಸಾಹೇಬ್ರು ಅವರ ಹೆಗಲ ಒತ್ತಿ, "ಗಪ್ ಬಸ್ ರೇ," ಸುಮ್ಮ ಕುಂಡರೋ ಅಂತ ಕೂಡಿಸಿದ್ರು.

ಈಗ ಇಬ್ಬರೂ ಇಲ್ಲ. ಕಡೀಗೆ ಹಾಸಿಗಿ ಹಿಡದಾಗ ಮಾವನವರು ನನ್ನ ಕರದು, "ನೀನರ ನಂಬೀದಿ ಇಲ್ಲವಾ?" ಅಂತ ಕೇಳಿದ್ರು. "ನಂಬೇನ್ರಿ ಮಾವಾರ," ಅಂದೆ. ಊರಿಗೆ ಮಾತ್ರ ಹೇಳಲಿಲ್ಲ. ಝಂಡಾ ದಿನದ ಖುರ್ಚಿ ಈಗ ನಮ್ಮನಿಯವ್ರಿಗೆ ಬಂದೈತಿ, ನನಗೂ ಸೊಕ್ಕಿತ್ತು ಅನ್ರಿ. ಇವತ್ತ ಯಾಕೋ ನಾಚಿಕಿ ಆತು. ಕೇಳ್ರಿ: ಹೊತ್ತವ್ರು ಸಾಹೇಬ್ರು. ನಮ್ಮ ಮಾವ ಅದನ್ನ ಅಂಗಳದಾಗ ನಿಂತು ಎಲ್ಲಾರ ಮುಂದ ಹೇಳ್ಯಾರ, ನಾ ಕೇಳೇನಿ.